ಹನ್ನೊಂದರಿಂದ 1,146ರವರೆಗೆ: ಲೈಬ್ರರಿಥಿಂಗ್‌ನಲ್ಲಿ ನನ್ನ ಪುಸ್ತಕಗಳ ಲೆಕ್ಕ

ಒಟ್ಟು ಏಳು ವಾರ ಹಿಡಿಯಿತು. ದಿನಾ ರಾತ್ರಿ ಊಟ ಆದ ಮೇಲೆ ಒಂದು ಗಂಟೆ, ಭಾನುವಾರ ಸ್ವಲ್ಪ ಜಾಸ್ತಿ. ಮನೆಯಲ್ಲಿರುವ ಪುಸ್ತಕಗಳನ್ನೆಲ್ಲ ಲೈಬ್ರರಿಥಿಂಗ್ ಎಂಬ ತಾಣದಲ್ಲಿ ಪಟ್ಟಿ ಮಾಡಿ ಮುಗಿಸಿದೆ. 1,146 ಪುಸ್ತಕಗಳು. ಇಷ್ಟು ದಿನ ಬಳಸಿದ ಮೇಲೆ ಇದರ ಬಗ್ಗೆ ಬರೆಯಲೇಬೇಕು ಅನ್ನಿಸಿತು. ಯಾಕೆಂದರೆ ಪಟ್ಟಿ ಮಾಡಲು ಕೂತವನಿಗೆ ಪಟ್ಟಿಗಿಂತ ಜಾಸ್ತಿಯೇ ಸಿಕ್ಕಿತು.

ಶುರುವಾಗಿದ್ದು ಮಗಳಿಂದ. ಶಾಲೆಯಲ್ಲಿ ಒಂದು ಪ್ರಶ್ನಾವಳಿ ತುಂಬಲು ಕೊಟ್ಟಿದ್ದರು. ಅದರಲ್ಲಿ ಒಂದು ಪ್ರಶ್ನೆ: ನಿಮ್ಮ ಮನೆಯಲ್ಲಿ ಎಷ್ಟು ಪುಸ್ತಕಗಳಿವೆ? ಹತ್ತರೊಳಗೆ, 25ರೊಳಗೆ, 100ರೊಳಗೆ, 200ರೊಳಗೆ, 500ರೊಳಗೆ, ಅದಕ್ಕಿಂತ ಹೆಚ್ಚು. ಪಠ್ಯಪುಸ್ತಕ, ಪತ್ರಿಕೆ ಸೇರಿಸಬಾರದು. "ಅಪ್ಪ, ಎಷ್ಟು ಅಂತ ಹಾಕಲಿ?" ಅಂದಳು. ನಾನು ನಾನೂರು ಅಂದೆ. ಹೆಂಡತಿ ಅಡುಗೆಮನೆಯಿಂದಲೇ "ಆರುನೂರಕ್ಕೆ ಕಡಿಮೆ ಇಲ್ಲ" ಅಂದಳು. ಇಬ್ಬರದೂ ತಪ್ಪು ಅಂತ ಈಗ ಗೊತ್ತಾಗಿದೆ.

ನಾನು ಆಸ್ಪತ್ರೆಯ ಯಂತ್ರಗಳನ್ನು ರಿಪೇರಿ ಮಾಡುವವನು. ಇಸಿಜಿ ಯಂತ್ರ, ವೆಂಟಿಲೇಟರ್, ಇನ್‌ಫ್ಯೂಷನ್ ಪಂಪ್. ನಮ್ಮ ಕೆಲಸದಲ್ಲಿ ಪ್ರತಿ ಯಂತ್ರಕ್ಕೂ ಒಂದು ಹಿಸ್ಟರಿ ಕಾರ್ಡ್ ಇರುತ್ತದೆ. ಯಾವಾಗ ಬಂತು, ಯಾವ ವಾರ್ಡಿನಲ್ಲಿದೆ, ಏನು ಕೆಟ್ಟಿತ್ತು, ಯಾರು ಸರಿ ಮಾಡಿದರು, ಎಲ್ಲ ಅದರಲ್ಲಿ. ಕಾರ್ಡ್ ಇಲ್ಲದ ಯಂತ್ರವನ್ನು ಮುಟ್ಟಲು ನನಗೆ ಮನಸ್ಸೇ ಬರುವುದಿಲ್ಲ. ಹಾಗಿದ್ದೂ ಮನೆಯಲ್ಲಿ ನಾಲ್ಕು ಕಪಾಟು, ಎರಡು ಟ್ರಂಕು, ಮಂಚದ ಕೆಳಗೆ ಮೂರು ರಟ್ಟಿನ ಡಬ್ಬ ತುಂಬ ಪುಸ್ತಕ ಇಟ್ಟುಕೊಂಡು ಒಂದಕ್ಕೂ ಲೆಕ್ಕ ಇಟ್ಟಿರಲಿಲ್ಲ.

ಇಟ್ಟಿರಲಿಲ್ಲ ಅನ್ನುವುದೂ ಪೂರ್ತಿ ನಿಜವಲ್ಲ. ಕೆಲವು ವರ್ಷಗಳ ಹಿಂದೆ ಮೊಬೈಲಿನಲ್ಲಿ ಒಂದು ಆಪ್ ಹಾಕಿಕೊಂಡಿದ್ದೆ. ಸುಮಾರು 300 ಪುಸ್ತಕ ಸೇರಿಸಿದ್ದೆ. ಒಂದು ದಿನ ಆಪ್ ತೆರೆದರೆ ತೆರೆಯಲಿಲ್ಲ. ಕಂಪನಿ ಅದನ್ನು ಮುಚ್ಚಿಬಿಟ್ಟಿತ್ತು. ನನ್ನ ಪಟ್ಟಿಯನ್ನು ಇಳಿಸಿಕೊಳ್ಳುವ ದಾರಿಯೂ ಇರಲಿಲ್ಲ. ಆವತ್ತು ಬಂದ ಬೇಜಾರು ಇನ್ನೂ ನೆನಪಿದೆ. ಹಾಗಾಗಿ ಈ ಸಲ ನಾನು ಮೊದಲು ನೋಡಿದ್ದು ಮುಖಪುಟದ ಅಂದವನ್ನಲ್ಲ. ಹಾಕಿದ್ದನ್ನು ವಾಪಸ್ ತೆಗೆಯಲು ಬರುತ್ತದಾ ಅಂತ. ಲೈಬ್ರರಿಥಿಂಗ್‌ನಲ್ಲಿ ಬರುತ್ತದೆ. ಇಡೀ ಪಟ್ಟಿಯನ್ನು ಎಕ್ಸೆಲ್ ಫೈಲಾಗಿ ಇಳಿಸಿಕೊಳ್ಳಬಹುದು. ಗ್ರಂಥಾಲಯಗಳು ಬಳಸುವ ಮಾರ್ಕ್ ಎಂಬ ರೂಪದಲ್ಲೂ ಸಿಗುತ್ತದೆ. ನಾನು ತಿಂಗಳಿಗೊಮ್ಮೆ ಇಳಿಸಿ ಪೆನ್‌ಡ್ರೈವಿಗೆ ಹಾಕಿಡುತ್ತೇನೆ. ನೀವು ಯಾವ ಆಪ್ ಬಳಸಿದರೂ ಇದೊಂದನ್ನು ಮಾತ್ರ ಮೊದಲೇ ಪರೀಕ್ಷೆ ಮಾಡಿ.

ಇದು 2005ರಲ್ಲಿ ಶುರುವಾದ ತಾಣ. ಅಮೆರಿಕದ ಮೇನ್ ರಾಜ್ಯದ ಪೋರ್ಟ್‌ಲ್ಯಾಂಡಿನಲ್ಲಿ ಟಿಮ್ ಸ್ಪಾಲ್ಡಿಂಗ್ ಎಂಬವರು ಕಟ್ಟಿದ್ದು. ಮೊದಲೆಲ್ಲ 200 ಪುಸ್ತಕದವರೆಗೆ ಮಾತ್ರ ಉಚಿತವಾಗಿತ್ತು. 2020ರಿಂದ ಮನೆಬಳಕೆಯವರಿಗೆ ಮಿತಿಯಿಲ್ಲದೆ ಉಚಿತ. ನೋಡಲು ಹಳೆಯ ಕಾಲದ ತಾಣದ ಹಾಗಿದೆ, ಅಕ್ಷರ ಜಾಸ್ತಿ, ಚಿತ್ರ ಕಡಿಮೆ. ನನಗೆ ಅದೇ ಹಿಡಿಸಿತು. ಸರ್ವಿಸ್ ಮ್ಯಾನುವಲ್ ಓದಿ ಅಭ್ಯಾಸವಾದವನಿಗೆ ಎಲ್ಲವೂ ಒಂದೇ ಪುಟದಲ್ಲಿ ಕಣ್ಣಿಗೆ ಕಂಡರೆ ಖುಷಿ.

ಪುಸ್ತಕ ಸೇರಿಸುವುದು ಸುಲಭ. ಹಿಂದಿನ ರಟ್ಟಿನ ಮೇಲಿರುವ ಬಾರ್‌ಕೋಡಿಗೆ ಮೊಬೈಲ್ ಹಿಡಿದರೆ ಸಾಕು. ಇಲ್ಲವೇ ಐಎಸ್‌ಬಿಎನ್, ಅಂದರೆ ಪುಸ್ತಕಕ್ಕೆ ಕೊಡುವ ಗುರುತಿನ ಸಂಖ್ಯೆ, ಟೈಪ್ ಮಾಡಬೇಕು. ಅಮೆರಿಕದ ಲೈಬ್ರರಿ ಆಫ್ ಕಾಂಗ್ರೆಸ್ ಸೇರಿದಂತೆ ಎಷ್ಟೋ ಗ್ರಂಥಾಲಯಗಳ ದಾಖಲೆಯಿಂದ ಹೆಸರು, ಲೇಖಕರು, ಪ್ರಕಟವಾದ ವರ್ಷ, ಪುಟಗಳ ಸಂಖ್ಯೆ ತಾನೇ ಬಂದು ಕೂರುತ್ತದೆ. ಪುಸ್ತಕದ ಎತ್ತರ, ತೂಕ ಕೂಡ ಎಷ್ಟೋ ಸಲ ಬರುತ್ತದೆ.

ಐಎಸ್‌ಬಿಎನ್ ಬಗ್ಗೆ ಒಂದು ಮಾತು ಹೇಳಲೇಬೇಕು, ಯಾಕೆಂದರೆ ಮಗಳು ಈ ಕೆಲಸಕ್ಕೆ ನನ್ನ ಜೊತೆ ಕೂತಿದ್ದೇ ಅದರಿಂದ. ಹಳೆಯ ಪುಸ್ತಕವೊಂದರಲ್ಲಿ ಸಂಖ್ಯೆಯ ಕೊನೆಗೆ ಎಕ್ಸ್ ಅಂತ ಇತ್ತು. "ಸಂಖ್ಯೆಯಲ್ಲಿ ಅಕ್ಷರ ಹೇಗೆ ಬಂತು?" ಅಂದಳು. ಈ ಸಂಖ್ಯೆಯ ಪದ್ಧತಿ ಅಂತರರಾಷ್ಟ್ರೀಯ ಮಾನದಂಡವಾಗಿದ್ದು 1970ರಲ್ಲಿ. ಆಗ ಹತ್ತು ಅಂಕಿ ಇರುತ್ತಿತ್ತು. ಕೊನೆಯದು, ಉಳಿದ ಒಂಬತ್ತನ್ನು ಬರೆಯುವಾಗ ತಪ್ಪಾದರೆ ಹಿಡಿಯಲು ಇಟ್ಟ ಕಾವಲು ಅಂಕಿ. ಅಂಕಿಗಳನ್ನು 10, 9, 8 ಹೀಗೆ ಇಳಿಯುತ್ತ ಗುಣಿಸಿ ಕೂಡಿದರೆ ಮೊತ್ತ ಹನ್ನೊಂದರಿಂದ ಭಾಗವಾಗಬೇಕು. ಹಾಗಾಗಲು ಕೆಲವೊಮ್ಮೆ ಕೊನೆಗೆ ಹತ್ತು ಬೇಕಾಗುತ್ತದೆ. ಒಂದೇ ಅಂಕಿಯ ಜಾಗದಲ್ಲಿ ಹತ್ತನ್ನು ಬರೆಯಲು ಆಗುವುದಿಲ್ಲವಲ್ಲ, ಅದಕ್ಕೆ ರೋಮನ್ ಹತ್ತು, ಎಕ್ಸ್. 2007ರಿಂದ ಹದಿಮೂರು ಅಂಕಿಯಾಯಿತು. ಈಗ ಒಂದು ಬಿಟ್ಟು ಒಂದನ್ನು 1ರಿಂದ, 3ರಿಂದ ಗುಣಿಸಿ ಕೂಡಿದರೆ ಮೊತ್ತ ಹತ್ತರಿಂದ ಭಾಗವಾಗಬೇಕು. ಮಗಳು ಕಾಗದ ತಂದು ಕೂತಳು. ಹತ್ತು ನಿಮಿಷದಲ್ಲಿ ಒಂದು ಲೋಪ ಕಂಡುಹಿಡಿದಳು: ಪಕ್ಕಪಕ್ಕದ 1 ಮತ್ತು 6 ಅದಲುಬದಲಾದರೆ ಹೊಸ ಲೆಕ್ಕಕ್ಕೆ ಗೊತ್ತಾಗುವುದೇ ಇಲ್ಲ, ಹಳೆಯದಕ್ಕೆ ಗೊತ್ತಾಗುತ್ತದೆ. ಐದರ ವ್ಯತ್ಯಾಸ ಇರುವ ಯಾವ ಜೋಡಿಗೂ ಹಾಗೆಯೇ. ನಾನು ಅದನ್ನು ಯೋಚಿಸಿಯೇ ಇರಲಿಲ್ಲ. ಆಮೇಲೆ ಏಳೂ ವಾರ ಅವಳು ನನ್ನ ಜೊತೆಗಿದ್ದಳು.

ಐಎಸ್‌ಬಿಎನ್ ಇಲ್ಲದ ಹಳೆಯ ಪುಸ್ತಕಗಳನ್ನು ಮತ್ತು ಎಷ್ಟೋ ಕನ್ನಡ ಪುಸ್ತಕಗಳನ್ನು ನಾನೇ ಕೈಯಾರೆ ಸೇರಿಸಿದೆ. ಹೆಸರನ್ನು ಕನ್ನಡ ಅಕ್ಷರದಲ್ಲೇ ಬರೆಯಬಹುದು, ಮುಖಪುಟದ ಫೋಟೋ ತೆಗೆದು ಹಾಕಬಹುದು. ಒಂದಕ್ಕೆ ಮೂರು ನಾಲ್ಕು ನಿಮಿಷ. ಸಮಯ ಹೋಯಿತು ಅಂತ ನನಗೆ ಅನ್ನಿಸಲಿಲ್ಲ. ಬಾರ್‌ಕೋಡ್ ಇರುವ ಪುಸ್ತಕ ಟಿಕ್ ಅಂತ ಹೋಗಿಬಿಡುತ್ತದೆ, ಅದರ ಮುಖವನ್ನೇ ನಾವು ನೋಡುವುದಿಲ್ಲ. ಕೈಯಾರೆ ಸೇರಿಸುವಾಗ ಮೊದಲ ಪುಟ ತೆರೆಯಬೇಕು, ಮುದ್ರಣದ ವರ್ಷ ಹುಡುಕಬೇಕು, ಯಾರ ಸಹಿ ಇದೆ ನೋಡಬೇಕು. ನನ್ನ ಹನ್ನೊಂದು ಪುಸ್ತಕಗಳು ಎದುರಾಗಿದ್ದು ಹಾಗೆ.

ನನಗೆ ಹದಿನಾರು ವರ್ಷವಾಗಿದ್ದಾಗ ಮನೆಯಲ್ಲಿ ಇದ್ದದ್ದು ಹನ್ನೊಂದು ಪುಸ್ತಕ. ಕಿಟಕಿಯ ಮೇಲಿನ ಒಂದೇ ಹಲಗೆ. ಎಣಿಸಿ ಹೇಳಬಲ್ಲೆ, ಯಾಕೆಂದರೆ ಯಾವುದು ಯಾವುದರ ಪಕ್ಕ ಇತ್ತು ಅಂತ ಇವತ್ತಿಗೂ ಕಣ್ಣಿಗೆ ಕಟ್ಟಿದೆ. ಎರಡು ನಿಘಂಟು, ಅಜ್ಜನ ಮೂರು ಧಾರ್ಮಿಕ ಪುಸ್ತಕ, ಅಮ್ಮನ ನಾಲ್ಕು ಕಾದಂಬರಿ, ಮನೆಮದ್ದಿನ ಪುಸ್ತಕ ಒಂದು. ಹನ್ನೊಂದನೆಯದು ಸೋದರಮಾವ ಕೊಟ್ಟ ರೇಡಿಯೋ ರಿಪೇರಿ ಕೈಪಿಡಿ. ಅದನ್ನು ಓದಿದೆ ಅನ್ನುವುದಕ್ಕಿಂತ ಅದರ ಮೇಲೆ ಕೆಲಸ ಮಾಡಿದೆ ಅನ್ನಬೇಕು. ಪುಟ 112ರಲ್ಲಿ ಒಂದು ಕಂದು ಗುರುತಿದೆ, ಹುಣಸೆ ಬೀಜದಷ್ಟು. ಸೋಲ್ಡರಿಂಗ್ ಐರನ್ ತಗುಲಿ ಸುಟ್ಟಿದ್ದು. ಅದರ ಅಂಚಿನಲ್ಲಿ ಒಂದು ಚುಕ್ಕೆ ಸೀಸ ಇನ್ನೂ ಅಂಟಿಕೊಂಡಿದೆ, ಉಗುರಿಗೆ ಸಿಗುತ್ತದೆ. ಆ ಪುಟದಲ್ಲಿದ್ದ ಸರ್ಕ್ಯೂಟ್ ನನ್ನ ಕೈಯಲ್ಲಿ ಮೊದಲ ಸಲ ಸದ್ದು ಮಾಡಿದ ಸರ್ಕ್ಯೂಟ್. ಆ ಹಲಗೆಯ ಮೇಲೆ ಆ ಪುಸ್ತಕ ಇರದಿದ್ದರೆ ನಾನು ಈ ಕೆಲಸಕ್ಕೆ ಬರುತ್ತಿರಲಿಲ್ಲ. ತಾಣದಲ್ಲಿ ಷರಾ ಬರೆಯುವ ಜಾಗವಿದೆ, ಅಲ್ಲಿ ಬರೆದೆ: "ಪುಟ 112, ಸುಟ್ಟ ಗುರುತು, ನನ್ನದೇ."

ಮಗಳ ಪ್ರಶ್ನಾವಳಿಯಲ್ಲಿದ್ದಂಥ ಪ್ರಶ್ನೆಯನ್ನೇ ಇಟ್ಟುಕೊಂಡು ಒಂದು ದೊಡ್ಡ ಅಧ್ಯಯನ 2018ರಲ್ಲಿ ಪ್ರಕಟವಾಗಿದೆ. 31 ದೇಶಗಳ ಸುಮಾರು 1,60,000 ದೊಡ್ಡವರನ್ನು ಕೇಳಿದ್ದರು: ನಿಮಗೆ ಹದಿನಾರು ವರ್ಷವಾಗಿದ್ದಾಗ ಮನೆಯಲ್ಲಿ ಎಷ್ಟು ಪುಸ್ತಕ ಇತ್ತು? ಒಂದು ಮೀಟರ್ ಹಲಗೆಗೆ ಸುಮಾರು 40 ಪುಸ್ತಕ ಅಂತ ಅಂದಾಜು ಕೊಟ್ಟಿದ್ದರು. ಮನೆಯಲ್ಲಿ 80ರಷ್ಟು ಪುಸ್ತಕ ಇದ್ದವರ ಓದುವ ಸಾಮರ್ಥ್ಯ ಸರಾಸರಿಯ ಮಟ್ಟದಲ್ಲಿತ್ತು. ಪುಸ್ತಕ ಹೆಚ್ಚಾದ ಹಾಗೆ ಅದೂ ಹೆಚ್ಚಿತು. ಸುಮಾರು 350 ದಾಟಿದ ಮೇಲೆ ಹೆಚ್ಚಿನ ವ್ಯತ್ಯಾಸ ಕಾಣಲಿಲ್ಲ. ಶಾಲೆಯನ್ನು ಬೇಗ ಬಿಟ್ಟರೂ ತುಂಬ ಪುಸ್ತಕಗಳ ನಡುವೆ ಬೆಳೆದವರು, ಕೆಲವೇ ಪುಸ್ತಕಗಳಿದ್ದ ಮನೆಯಲ್ಲಿ ಬೆಳೆದು ಪದವಿ ಪಡೆದವರಷ್ಟೇ ಚೆನ್ನಾಗಿ ಓದಬಲ್ಲವರಾಗಿದ್ದರು. ಓದಿದಾಗ ನನಗೆ ಸಂತೋಷವೂ ಆಯಿತು, ಒಂದು ತಕರಾರೂ ಹುಟ್ಟಿತು. ಈ ಲೆಕ್ಕದಲ್ಲಿ ನನ್ನ ಹನ್ನೊಂದು ಎಲ್ಲಿಗೂ ಬರುವುದಿಲ್ಲ. ಆದರೆ ಹನ್ನೊಂದರಲ್ಲಿ ಒಂದು ಕೈಗೆ ಸಿಗುವ ಎತ್ತರದಲ್ಲಿತ್ತು, ಅದನ್ನು ಹಾಳು ಮಾಡಿದರೂ ಯಾರೂ ಬೈಯಲಿಲ್ಲ. ಸಂಖ್ಯೆಯಷ್ಟೇ ಇದೂ ಮುಖ್ಯ ಅಂತ ನನ್ನ ಅನುಭವ. ಗಾಜಿನ ಬಾಗಿಲಿನ ಹಿಂದೆ ಬೀಗ ಹಾಕಿಟ್ಟ 350 ಪುಸ್ತಕ ಮಕ್ಕಳಿಗೆ ಏನು ತಾನೇ ಕೊಟ್ಟೀತು?

ಈಗ ತಾಣದ ವಿಷಯಕ್ಕೆ ಬರುತ್ತೇನೆ. ನಾನು ತುಂಬ ಮೆಚ್ಚಿಕೊಂಡಿದ್ದು ಎರಡು ಸಣ್ಣ ಖಾನೆಗಳನ್ನು. ಪುಸ್ತಕ ಯಾವಾಗ ಬಂತು, ಎಲ್ಲಿಂದ ಬಂತು. ಹೆಚ್ಚಿನವರು ಇವನ್ನು ಖಾಲಿ ಬಿಡುತ್ತಾರೆ. ನಮ್ಮ ಹಿಸ್ಟರಿ ಕಾರ್ಡಿನ ಮೊದಲ ಸಾಲು ಇದೇ ಆದ್ದರಿಂದ ನಾನು ಬಿಡಲಿಲ್ಲ. ಪುಸ್ತಕ ಕೊಂಡ ದಿನ ಒಳಪುಟದಲ್ಲಿ ತಾರೀಖು ಬರೆಯುವ ಅಭ್ಯಾಸ ಮೊದಲಿನಿಂದ ಇತ್ತು, ಅದು ಉಪಯೋಗಕ್ಕೆ ಬಂತು. ಎಲ್ಲ ತುಂಬಿ, ಬಂದ ವರ್ಷದ ಪ್ರಕಾರ ಜೋಡಿಸಿ ನೋಡಿದೆ.

ನೋಡಿದವನು ಸ್ವಲ್ಪ ಹೊತ್ತು ಸುಮ್ನೆ ಕೂತುಬಿಟ್ಟೆ. ಇಸಿಜಿ ಪಟ್ಟಿಯ ಹಾಗೆ ಕಂಡಿತು. ಮದುವೆಯಾದ ವರ್ಷ ಒಂದೇ ಸಲ 140, ಹೆಂಡತಿ ತಂದ ಪುಸ್ತಕಗಳು. ಮಗಳು ಹುಟ್ಟಿದ ಮೇಲೆ ಚಿತ್ರಪುಸ್ತಕಗಳ ಸಾಲು. ಆಮೇಲೊಂದು ಕಡೆ ಮೂರು ವರ್ಷ ಬರೀ ಖಾಲಿ. ಖಾಲಿಗೆ ಸ್ವಲ್ಪ ಮೊದಲು, ನಾಲ್ಕೇ ತಿಂಗಳಲ್ಲಿ ಆರು ಪುಸ್ತಕ, ಎಲ್ಲವೂ ಒಂದೇ ವಿಷಯದ ಮೇಲೆ: ಲಕ್ವ ಹೊಡೆದವರಿಗೆ ಮಾತು ಮರಳಿ ಕಲಿಸುವುದು.

ಅಪ್ಪನಿಗೆ ಮಾತು ಹೋಗಿದ್ದ ಕಾಲ ಅದು. ಆಸ್ಪತ್ರೆಯ ಯಂತ್ರಗಳ ಜೊತೆ ದಿನಾ ಇರುವವನಿಗೆ ಅಪ್ಪನ ಮಂಚದ ಪಕ್ಕ ಏನು ಮಾಡಬೇಕು ಅಂತ ತಿಳಿಯುತ್ತಿರಲಿಲ್ಲ. ಥೆರಪಿಸ್ಟ್ ವಾರಕ್ಕೆ ಎರಡು ಸಲ ಬರುತ್ತಿದ್ದರು. ಉಳಿದ ಐದು ದಿನಕ್ಕೆ ಈ ಪುಸ್ತಕಗಳು. ಒಂದರಲ್ಲಿ ಹಾಡಿನ ದಾರಿ ಹೇಳಿದ್ದರು. ಮಾತು ಬಾರದವರಿಗೂ ಹಳೆಯ ಹಾಡಿನ ಸಾಲು ಬರಬಹುದು, ಯಾಕೆಂದರೆ ಹಾಡಿಗೆ ಮಿದುಳಿನ ಬಲಭಾಗವೂ ದುಡಿಯುತ್ತದೆ. ಅಪ್ಪನ ಎಡಗೈ ಹಿಡಿದು ತಾಳ ಹಾಕುತ್ತ, ಮಾತನ್ನು ರಾಗವಾಗಿ ಎಳೆದು ಹೇಳಿಸುತ್ತಿದ್ದೆ. ಐದನೇ ವಾರ "ನೀ-ರು" ಅಂದರು. ಆ ಪುಸ್ತಕದ 60ನೇ ಪುಟದಿಂದ 75ರವರೆಗೆ ಹಾಳೆಗಳು ಬೈಂಡಿನಿಂದ ಬಿಟ್ಟುಕೊಂಡಿವೆ. ರಬ್ಬರ್ ಬ್ಯಾಂಡ್ ಹಾಕಿ ಇಟ್ಟಿದ್ದೇನೆ.

ಖಾಲಿ ಇದ್ದ ಆ ಮೂರು ವರ್ಷ ನಾನು ಯಾವ ಪುಸ್ತಕವನ್ನೂ ಕೊಂಡಿಲ್ಲ ಅಂತ ನನಗೇ ಗೊತ್ತಿರಲಿಲ್ಲ. ನನ್ನನ್ನು ಕೇಳಿದ್ದರೆ ಯಾವಾಗಲೂ ಓದುತ್ತಿದ್ದೆ ಅನ್ನುತ್ತಿದ್ದೆ. ಅದು ಸುಳ್ಳು ಅಂತ ಪಟ್ಟಿ ಹೇಳಿತು. ಅಪ್ಪ ಹೋದ ಮೇಲೆ ಮೊದಲು ಬಂದ ಪುಸ್ತಕ ಹೆಂಡತಿ ತಂದುಕೊಟ್ಟದ್ದು, ಹಕ್ಕಿಗಳ ಬಗ್ಗೆ. "ನೀವು ಹೊರಗೆ ಹೋಗ್ಲಿ ಅಂತ ತಂದಿದ್ದೆ" ಅಂದಳು. ಇಷ್ಟು ವರ್ಷ ಆದ ಮೇಲೆ, ಪಟ್ಟಿ ತೋರಿಸಿದಾಗ ಹೇಳಿದ ಮಾತು ಇದು.

ಓದದ ಪುಸ್ತಕಗಳೂ ಸಿಕ್ಕವು. 312. ಅವಕ್ಕೆ ಬೇರೆ ಟ್ಯಾಗ್ ಹಾಕಿದೆ. ಟ್ಯಾಗ್ ಎಂದರೆ ನಮಗೆ ಬೇಕಾದ ಪದದ ಚೀಟಿ ಅಂಟಿಸುವುದು, ಒಂದು ಪುಸ್ತಕಕ್ಕೆ ಎಷ್ಟು ಬೇಕಾದರೂ ಅಂಟಿಸಬಹುದು. ಅದರಲ್ಲಿ ಐದು ಪುಸ್ತಕ ದೂರದರ್ಶಕ ಕಟ್ಟುವುದರ ಬಗ್ಗೆ. ಬೇರೆ ಬೇರೆ ವರ್ಷ ಕೊಂಡವು, ಬೇರೆ ಬೇರೆ ಕಪಾಟಿನಲ್ಲಿದ್ದವು. ಒಂದೊಂದೇ ನೋಡಿದಾಗ ಏನೂ ಅನ್ನಿಸಿರಲಿಲ್ಲ. ಐದೂ ಒಂದೇ ಪುಟದಲ್ಲಿ ಒಂದರ ಕೆಳಗೊಂದು ಬಂದಾಗ, ಹದಿನಾಲ್ಕು ವರ್ಷದಿಂದ ನಾನು ಇದನ್ನು ಮಾಡಬೇಕು ಅಂದುಕೊಳ್ಳುತ್ತಲೇ ಇದ್ದೇನೆ ಅಂತ ಗೊತ್ತಾಯಿತು. ಈಗ ಆರು ಇಂಚಿನ ಗಾಜಿನ ಬಿಲ್ಲೆ ತಂದು, ಕಾರ್ಬೊರಂಡಮ್ ಪುಡಿ ಹಾಕಿ, ಮಗಳೂ ನಾನೂ ಕನ್ನಡಿ ಉಜ್ಜುತ್ತಿದ್ದೇವೆ. ಒಂದು ಗಾಜಿನ ಮೇಲೆ ಇನ್ನೊಂದು ಗಾಜು ಇಟ್ಟು, ಮುಂದೆ ಹಿಂದೆ ಉಜ್ಜಿ, ಸ್ವಲ್ಪ ತಿರುಗಿಸಿ ಮತ್ತೆ ಉಜ್ಜಬೇಕು. ಮೇಲಿನದು ತಾನಾಗಿಯೇ ಬಟ್ಟಲಿನ ಹಾಗೆ ಗುಳಿ ಬೀಳುತ್ತ ಹೋಗುತ್ತದೆ. ಇನ್ನೂ ಒರಟು ಪುಡಿಯಲ್ಲೇ ಇದ್ದೇವೆ. ಅವಸರವಿಲ್ಲ.

ತಾಣದಲ್ಲಿ ಅಂಕಿಅಂಶದ ಪುಟವೂ ಇದೆ. ಪುಸ್ತಕಗಳನ್ನು ಒಂದರ ಮೇಲೊಂದು ಇಟ್ಟರೆ ಎಷ್ಟು ಎತ್ತರ, ಒಟ್ಟು ತೂಕ ಎಷ್ಟು, ಹೀಗೆ. ಮಗಳಿಗೆ ಇಷ್ಟವಾಯಿತು, ನಾನು ಒಂದು ಸಲ ನೋಡಿ ಬಿಟ್ಟೆ. ವಿಮರ್ಶೆ ಬರೆಯುವುದು, ನಕ್ಷತ್ರ ಕೊಡುವುದು, ಗುಂಪಿನಲ್ಲಿ ಮಾತಾಡುವುದು ಎಲ್ಲ ಉಂಟು. ನಾನು ಅಷ್ಟಾಗಿ ಬಳಸಿಲ್ಲ. ಯಾರೂ ನೋಡಬಾರದು ಅಂದರೆ ಪಟ್ಟಿಯನ್ನು ಖಾಸಗಿಯಾಗಿ ಇಡಬಹುದು. ನಾನು ಎಲ್ಲರಿಗೂ ತೆರೆದೇ ಇಟ್ಟಿದ್ದೇನೆ. ನನಗೆ ಮಾತ್ರ ಕಾಣುವ ಷರಾ ಖಾನೆ ಬೇರೆ ಇದೆ, ಅಪ್ಪನ ಪುಸ್ತಕಗಳ ಬಗ್ಗೆ ಬರೆದಿದ್ದೆಲ್ಲ ಅಲ್ಲಿದೆ.

ತೆರೆದಿಟ್ಟಿದ್ದರಿಂದ ಒಂದು ಅಪರೂಪದ ವಿಷಯ ತಿಳಿಯಿತು. ಇಡೀ ತಾಣದಲ್ಲಿ ನನ್ನ ಹತ್ತಿರ ಮತ್ತು ಇನ್ನೊಬ್ಬರೇ ಒಬ್ಬರ ಹತ್ತಿರ ಮಾತ್ರ ಇರುವ ಪುಸ್ತಕಗಳನ್ನು ಅದು ಬೇರೆಯಾಗಿ ತೋರಿಸುತ್ತದೆ. ನನ್ನದರಲ್ಲಿ ಅಂಥದ್ದು ಒಂದಿತ್ತು, ಹಳೆಯ ರಕ್ತದೊತ್ತಡ ಯಂತ್ರಗಳ ಬಗ್ಗೆ. ಆ ಇನ್ನೊಬ್ಬರು ಯಾರೋ, ಎಲ್ಲಿಯವರೋ. ಅವರ ಪಟ್ಟಿಯನ್ನು ನೋಡಿದೆ. ಹೃದಯದ ಬಗ್ಗೆ ಅರುವತ್ತು ಪುಸ್ತಕ, ತೋಟದ ಬಗ್ಗೆ ಇಪ್ಪತ್ತು, ಒಂದು ಮಕ್ಕಳ ಕಥೆಯ ಮಾಲೆ. ಅವರ ಮುಖ ನೋಡಿಲ್ಲ, ಮಾತಾಡಿಲ್ಲ. ಆದರೂ ಅವರು ನನಗೆ ಅಷ್ಟಿಷ್ಟು ಗೊತ್ತಾದ ಹಾಗೆ ಆಯಿತು.

ಇದಕ್ಕಿಂತ ಹೆಚ್ಚು ಹೊತ್ತು ನಾನು ಕಳೆದಿದ್ದು ಲೆಗಸಿ ಲೈಬ್ರರೀಸ್ ಎಂಬ ಭಾಗದಲ್ಲಿ. ತೀರಿಹೋದ ಪ್ರಸಿದ್ಧರ ಪುಸ್ತಕಗಳನ್ನು ಸದಸ್ಯರು ಹಳೆಯ ದಾಖಲೆ ಹುಡುಕಿ ಇಲ್ಲಿ ಪಟ್ಟಿ ಮಾಡಿದ್ದಾರೆ. ಸಂಬಳಕ್ಕಲ್ಲ, ಇಷ್ಟಪಟ್ಟು. ಮೊದಮೊದಲು ಆದವುಗಳಲ್ಲಿ ಒಂದು ಅಮೆರಿಕದ ಮೂರನೇ ಅಧ್ಯಕ್ಷ ಥಾಮಸ್ ಜೆಫರ್ಸನ್ ಅವರದು. 1814ರಲ್ಲಿ ಬ್ರಿಟಿಷ್ ಸೈನಿಕರು ವಾಷಿಂಗ್ಟನ್ನಿನ ಕ್ಯಾಪಿಟಲ್ ಕಟ್ಟಡಕ್ಕೆ ಬೆಂಕಿ ಇಟ್ಟಾಗ ಅಲ್ಲಿನ ಗ್ರಂಥಾಲಯವೂ ಸುಟ್ಟುಹೋಯಿತು. ಮರುವರ್ಷ ಕಾಂಗ್ರೆಸ್, ಅಂದರೆ ಅಮೆರಿಕದ ಸಂಸತ್ತು, ಜೆಫರ್ಸನ್ ಅವರ 6,487 ಪುಸ್ತಕಗಳನ್ನು 23,950 ಡಾಲರಿಗೆ ಕೊಂಡಿತು. ಅವರು ತಮ್ಮ ಪುಸ್ತಕಗಳನ್ನು ಮೂರಾಗಿ ವಿಂಗಡಿಸಿದ್ದರು: ನೆನಪು, ವಿಚಾರ, ಕಲ್ಪನೆ. ಇತಿಹಾಸ ನೆನಪಿನಲ್ಲಿ, ತತ್ವಶಾಸ್ತ್ರ ವಿಚಾರದಲ್ಲಿ, ಕಾವ್ಯ ಮತ್ತು ಕಲೆ ಕಲ್ಪನೆಯಲ್ಲಿ. 1851ರ ಇನ್ನೊಂದು ಬೆಂಕಿಯಲ್ಲಿ ಅದರ ಮೂರರಲ್ಲಿ ಎರಡು ಪಾಲು ನಾಶವಾಯಿತು. ಪಟ್ಟಿ ಉಳಿದಿದ್ದರಿಂದ ಯಾವ ಪುಸ್ತಕಗಳಿದ್ದವು ಅಂತ ಇವತ್ತು ನಾವು ನೋಡಬಹುದು. ಆ ಮೂರು ವಿಂಗಡಣೆಯನ್ನು ನನ್ನ ಪುಸ್ತಕಗಳಿಗೂ ಹಾಕಿ ನೋಡಿದೆ. ರೇಡಿಯೋ ಕೈಪಿಡಿ ವಿಚಾರದಲ್ಲಿ ಇರಬೇಕಾದದ್ದು. ನನಗೆ ಅದು ನೆನಪಿನಲ್ಲೇ ಇರಬೇಕು ಅನ್ನಿಸಿತು, ಅಲ್ಲೇ ಇಟ್ಟೆ.

ಹಾಲಿವುಡ್ ನಟಿ ಮರಿಲಿನ್ ಮನ್ರೋ ಅವರ ಪಟ್ಟಿಯೂ ಇದೆ. ಅವರ ಹತ್ತಿರ ಸುಮಾರು 400 ಪುಸ್ತಕಗಳಿದ್ದವು, ರಷ್ಯಾದ ಕಾದಂಬರಿ, ಕವಿತೆ, ಮನಶ್ಶಾಸ್ತ್ರ. 1999ರಲ್ಲಿ ಅವು ಹರಾಜಾಗಿ ಯಾರ್ಯಾರದೋ ಮನೆ ಸೇರಿದವು. ಪುಸ್ತಕಗಳು ಚದುರಿದರೂ ಹರಾಜಿನ ಪಟ್ಟಿ ಉಳಿಯಿತು. ಅದನ್ನು ಓದಿದ ಮೇಲೆ, ಪತ್ರಿಕೆಗಳು ಕಟ್ಟಿದ್ದ ಆ ನಟಿಯ ಚಿತ್ರ ನನ್ನ ಮನಸ್ಸಿನಲ್ಲಿ ನಿಲ್ಲಲಿಲ್ಲ.

ಇನ್ನೊಂದು ಪಟ್ಟಿ ಈ ತಾಣದ್ದಲ್ಲ, ಆದರೂ ಹೇಳಬೇಕು. ಚಾರ್ಲ್ಸ್ ಡಾರ್ವಿನ್ ಅವರ ಗ್ರಂಥಸಂಗ್ರಹದ ಪೂರ್ತಿ ಪಟ್ಟಿಯನ್ನು 2024ರಲ್ಲಿ ಡಾರ್ವಿನ್ ಆನ್‌ಲೈನ್ ಎಂಬ ತಾಣದವರು ಹಾಕಿದರು, 7,400 ಶೀರ್ಷಿಕೆಗಳು. ಅವರು ಪುಸ್ತಕಗಳನ್ನು ಪೂಜೆಗೆ ಇಟ್ಟವರಲ್ಲ. ದಪ್ಪ ಪುಸ್ತಕ ಕೈಗೆ ಭಾರವಾದರೆ ಎರಡು ತುಂಡು ಮಾಡುತ್ತಿದ್ದರು. ಓದುವಾಗ ಗುರುತು ಹಾಕಿದ ಪುಟಗಳ ಸಂಖ್ಯೆಯನ್ನು ಕೊನೆಯಲ್ಲಿ ಪಟ್ಟಿ ಮಾಡುತ್ತಿದ್ದರು. ಗುರುತಿಸಲು ಏನೂ ಸಿಗದಿದ್ದರೆ ಅಲ್ಲೊಂದು ಸೊನ್ನೆ. ನನ್ನ ಸುಟ್ಟ ಪುಟ 112ರ ಬಗ್ಗೆ ಇದ್ದ ಅಳುಕು ಇದನ್ನು ಓದಿದ ಮೇಲೆ ಹೋಯಿತು.

ನೀವೂ ಮಾಡುವುದಾದರೆ ಕೆಲವು ಮಾತು. ಐವತ್ತು ಅರುವತ್ತು ಪುಸ್ತಕ ಇರುವವರಿಗೆ ಒಂದು ನೋಟ್‌ಬುಕ್ಕೇ ಸಾಕು, ತಾಣ ಬೇಕಿಲ್ಲ. ಜಾಸ್ತಿ ಇದ್ದರೆ ಒಂದು ಹಲಗೆ ಪೂರ್ತಿ ಮುಗಿಸಿಯೇ ಇನ್ನೊಂದಕ್ಕೆ ಹೋಗಿ, ಇಲ್ಲವಾದರೆ ಯಾವುದು ಆಯಿತು ಯಾವುದು ಇಲ್ಲ ಅಂತ ಗೊಂದಲವಾಗುತ್ತದೆ. ಪ್ರತಿ ಪುಸ್ತಕದ ಕೊನೆಯ ಪುಟದ ಮೂಲೆಯಲ್ಲಿ ಮೆತ್ತನೆಯ ಪೆನ್ಸಿಲಿನಿಂದ ಕ್ರಮಸಂಖ್ಯೆ ಬರೆಯಿರಿ. ಸ್ಟಿಕ್ಕರ್ ಅಂಟಿಸಬೇಡಿ. ಯಂತ್ರಕ್ಕೆ ಸ್ಟಿಕ್ಕರ್ ಸರಿ, ಕಾಗದಕ್ಕೆ ಅಲ್ಲ, ಅಂಟು ವರ್ಷ ಕಳೆದ ಹಾಗೆ ಕಂದಾಗಿ ಕಾಗದವನ್ನು ತಿನ್ನುತ್ತದೆ. ಮತ್ತೆ, ಮನೆಯಿಂದ ಹೋದ ಪುಸ್ತಕಗಳನ್ನು ಪಟ್ಟಿಯಿಂದ ಅಳಿಸಬೇಡಿ. ಇಲ್ಲಿ ನಮಗೆ ಬೇಕಾದ ವಿಭಾಗಗಳನ್ನು ಮಾಡಿಕೊಳ್ಳಬಹುದು. ನಾನು "ಹೋದವು" ಅಂತ ಒಂದು ವಿಭಾಗ ಮಾಡಿದ್ದೇನೆ. ಕೊಟ್ಟದ್ದು, ಕಳೆದದ್ದು, ಗೆದ್ದಲು ತಿಂದದ್ದು, ವಾಪಸ್ ಬಾರದ್ದು, ನೆನಪಿರುವಷ್ಟೂ ಅಲ್ಲಿವೆ. ಅವೂ ನನ್ನನ್ನು ಬೆಳೆಸಿದ ಪುಸ್ತಕಗಳೇ ಅಲ್ವಾ?

ಹೀಗೆ ವಿಭಾಗ ಮಾಡುವಾಗಲೇ ಇನ್ನೊಂದು ಟ್ಯಾಗ್ ಬೇಕಾಯಿತು: "ಬೇರೆಯವರದು". ನನ್ನ ಕಪಾಟಿನಲ್ಲಿ 41 ಪುಸ್ತಕ ನನ್ನವಲ್ಲ. ಯಾರ ಹೆಸರು, ಯಾವ ವರ್ಷದಿಂದ, ಎಲ್ಲ ಬರೆದೆ. ಬರೆದ ಮೇಲೆ ಇಟ್ಟುಕೊಳ್ಳಲು ಮನಸ್ಸು ಒಪ್ಪಲಿಲ್ಲ. ಇಲ್ಲಿಯವರೆಗೆ ಒಂಬತ್ತು ವಾಪಸ್ ಕೊಟ್ಟಿದ್ದೇನೆ.

ಅದರಲ್ಲಿ ಒಂದು, ಕ್ರಮಸಂಖ್ಯೆ 688, ನನಗೆ ಕೆಲಸ ಕಲಿಸಿದ ಸೀನಿಯರ್ ಅವರದು. ತೆಳ್ಳನೆಯ ಕವನ ಸಂಕಲನ. ರಾತ್ರಿ ಪಾಳಿಯಲ್ಲಿ, ವರ್ಕ್‌ಶಾಪಿನ ಬೆಂಚಿನ ಮೇಲೆ ಮಲ್ಟಿಮೀಟರ್ ಪಕ್ಕ ಇಟ್ಟುಕೊಂಡು ಓದುತ್ತಿದ್ದರು. ಒಂದು ದಿನ "ತಗೋ, ಓದಿ ಕೊಡು" ಅಂದಿದ್ದರು. ಅವರಿಗೆ ನಾನು ಕೊಡಲೇ ಇಲ್ಲ. ಅವರು ತೀರಿಕೊಂಡು ಆರು ವರ್ಷವಾಯಿತು. ಅವರ ಮಗನ ಮನೆ ಹುಡುಕಿಕೊಂಡು ಹೋದೆ.

ಮಗ ಪುಸ್ತಕವನ್ನು ಕೈಯಲ್ಲಿ ಹಿಡಿದು ತಿರುಗಿಸಿ ನೋಡಿದರು. "ಇದು ಅಪ್ಪನದಾ?" ಅಂದರು. ಹೌದು ಅಂದೆ. "ಅಪ್ಪ ಕವಿತೆ ಓದ್ತಿದ್ರಾ?" ಅಂದರು. ಮನೆಯಲ್ಲಿ ಅವರದು ಅಂತ ಉಳಿದಿದ್ದು ಬರೀ ಯಂತ್ರಗಳ ಮ್ಯಾನುವಲ್‌ಗಳಂತೆ, ಎರಡು ಕಪಾಟು ತುಂಬ. ಮನೆಯವರಿಗೆಲ್ಲ ಅವರು ಕೆಲಸ ಬಿಟ್ಟರೆ ಬೇರೇನೂ ಇಲ್ಲದ ಮನುಷ್ಯ. ಕೊನೆಯ ಪುಟ ತೆಗೆಯಲು ಹೇಳಿದೆ. ಅಲ್ಲಿ ಅವರ ಅಕ್ಷರ, ಸರ್ಕ್ಯೂಟಿನ ಬೆಲೆಗಳನ್ನು ಬರೆಯುವ ಹಾಗೆ ಸಣ್ಣದಾಗಿ, ನೆಟ್ಟಗೆ: 9, 14, 31, 43. ನಲವತ್ತಮೂರಕ್ಕೆ ಎರಡು ಗೆರೆ.

ಮಗ ನಿಂತಲ್ಲೇ 43ನೇ ಪುಟ ತೆಗೆದರು. ಮನಸ್ಸಿನಲ್ಲೇ ಓದಿದರು. ಆಮೇಲೆ ಒಳಗೆ ಹೋಗಿ ಅವರ ತಾಯಿಯನ್ನು ಕರೆದುಕೊಂಡು ಬಂದು ಮತ್ತೆ ಓದಿದರು, ಈ ಸಲ ಗಟ್ಟಿಯಾಗಿ. ಮಗಳ ಬಗ್ಗೆ ಬರೆದ ಕವಿತೆ ಅದು. ಆ ಮನೆಯಲ್ಲಿ ಒಬ್ಬ ಮಗಳಿದ್ದಳು, ಎಳವೆಯಲ್ಲೇ ಹೋದಳು ಅಂತ ನನಗೆ ಆವತ್ತೇ ತಿಳಿದಿದ್ದು. ತಾಯಿ ಪುಸ್ತಕ ಇಸಿದುಕೊಂಡು, ಪೆನ್ಸಿಲಿನ ಆ ಎರಡು ಗೆರೆಗಳ ಮೇಲೆ ಬೆರಳಾಡಿಸಿದರು.

ಮನೆಗೆ ಬಂದು 688ನ್ನು "ಹೋದವು" ವಿಭಾಗಕ್ಕೆ ಸೇರಿಸಿದೆ. ಷರಾ ಖಾನೆಯಲ್ಲಿ ಆ ನಾಲ್ಕು ಸಂಖ್ಯೆಗಳನ್ನು ಹಾಗೇ ಇಳಿಸಿಕೊಂಡಿದ್ದೇನೆ. ಅಂಗಡಿಯಲ್ಲಿ ಅದೇ ಸಂಕಲನ ಸಿಕ್ಕರೆ ನನಗೂ ಒಂದು ತಗೊಳ್ಳಬೇಕು. ಉಳಿದ 32 ಪುಸ್ತಕಗಳ ವಿಳಾಸ ಹುಡುಕುತ್ತಿದ್ದೇನೆ.